ರಾಜಿಗೆ ನಾನು ಸಹಿ ಹಾಕಲಿಲ್ಲ

ಠಾಣೆಯಿಂದ ಫೋನು ಬಂದಾಗ ನಾನು ಹಳೆಯ ವಾರಪತ್ರಿಕೆಗಳನ್ನು ಜೋಡಿಸಿ ಹಗ್ಗದಲ್ಲಿ ಕಟ್ಟುತ್ತಿದ್ದೆ. ಕಡಬ ತಾಲೂಕಿನ ಒಂದು ಪಂಚಾಯತಿನ ಗ್ರಂಥಾಲಯವನ್ನು ನೋಡಿಕೊಳ್ಳುವುದು ನನ್ನ ಕೆಲಸ. ಫೋನು ಮಾಡಿದವಳು ಮಹಿಳಾ ಕಾನ್‌ಸ್ಟೇಬಲ್. ಸ್ವರ ಮೆತ್ತಗಿತ್ತು.

“ಅಕ್ಕ, ನಿಮ್ಮ ಮೇಲೆ ಒಂದು ಕೇಸು ಆಗಿದೆ. ನಾಳೆ ಬೆಳಿಗ್ಗೆ ಬಂದು ನೋಟಿಸು ತಗೊಂಡು ಹೋಗಿ.”

“ಎಂತ ಕೇಸು? ಯಾರು ಕೊಟ್ಟದ್ದು?”

“ನಿಮ್ಮ ಮೈದುನನ ಹೆಂಡತಿ ಕೊಟ್ಟದ್ದು. ವರದಕ್ಷಿಣೆ, ಹಿಂಸೆ ಅಂತೆಲ್ಲ ಉಂಟು. ಗಂಡ, ಅತ್ತೆ, ನಿಮ್ಮ ಯಜಮಾನ್ರು, ಮತ್ತೆ ನೀವು. ನಾಲ್ಕು ಜನ.”

ನನಗೆ ಮೊದಲು ಬಂದದ್ದು ನಗು. ಎಲ್ಲೋ ಹೆಸರು ತಪ್ಪಿದೆ ಎಂದುಕೊಂಡೆ. ಫೋನು ಇಟ್ಟ ಮೇಲೆ ಮತ್ತೆ ಆ ಪತ್ರಿಕೆಗಳ ಕಟ್ಟಿಗೆ ಕೈಹಾಕಿದರೆ ಗಂಟು ಹಾಕಲು ಬರಲಿಲ್ಲ. ಆಗ ಗೊತ್ತಾಯಿತು, ಇದು ನಗುವಂಥದ್ದಲ್ಲ ಎಂದು.

ನಾನು ಹುಟ್ಟಿ ಬೆಳೆದದ್ದು ಕಬಕದಲ್ಲಿ. ಮದುವೆಯಾಗಿ ಬಂದದ್ದು ಇಚಿಲಂಪಾಡಿಯ ಮನೆಗೆ. ಅಲ್ಲಿ ಇಬ್ಬರೇ ಅಣ್ಣತಮ್ಮಂದಿರು. ನನ್ನ ಗಂಡ ದೊಡ್ಡವರು, ಕಡಬ ಪೇಟೆಯಲ್ಲಿ ಅವರಿಗೆ ಪಂಪು ರಿಪೇರಿಯ ಅಂಗಡಿ. ನಾವಿಬ್ಬರು ಪೇಟೆಯಲ್ಲೇ ಬಾಡಿಗೆ ಮನೆ ಮಾಡಿಕೊಂಡಿದ್ದೆವು. ಮೈದುನ ಪಿಕಪ್ ಗಾಡಿ ಇಟ್ಟುಕೊಂಡು ರಬ್ಬರು, ಸಿಮೆಂಟು, ಹಂಚು, ಸಿಕ್ಕಿದ್ದೆಲ್ಲ ಸಾಗಿಸುತ್ತಿದ್ದ. ಮನೆಯಲ್ಲಿ ಅತ್ತೆ ಮತ್ತು ಅವನು. ಮಾವ ನಾನು ಬರುವ ಮೊದಲೇ ತೀರಿಹೋಗಿದ್ದರು. ಆಮೇಲೆ ಮೈದುನನಿಗೆ ಸುಳ್ಯದ ಕಡೆಯಿಂದ ಹುಡುಗಿ ತಂದೆವು. ನಮ್ಮ ಮನೆಯಲ್ಲಿ ತುಳು, ಅವಳದು ಅರೆಭಾಷೆಯ ಮನೆ. ನನಗೆ ಅವಳ ಅರೆಭಾಷೆ ಬಾರದು, ಅವಳಿಗೆ ಆಗಿನ್ನೂ ತುಳು ಬಾರದು. ಹಾಗಾಗಿ ನಾವಿಬ್ಬರೂ ಕನ್ನಡದಲ್ಲೇ ಮಾತಾಡಿಕೊಳ್ಳುತ್ತಿದ್ದೆವು. ನಾನು ಅವಳನ್ನು ತಂಗಿ ಎಂದು ಕರೆಯುತ್ತಿದ್ದೆ, ಅವಳು ನನ್ನನ್ನು ಅಕ್ಕ ಎಂದು. ಇಲ್ಲಿಯೂ ಅವಳನ್ನು ಹಾಗೇ ಕರೆಯುತ್ತೇನೆ. ಈಗ ಅವಳು ನಮ್ಮ ಮನೆಯವಳಲ್ಲ, ಆದರೆ ಬೇರೆ ಹೆಸರಿನಲ್ಲಿ ಅವಳ ನೆನಪು ಬರುವುದಿಲ್ಲ.

ಮೈದುನ ಕೈ ಮಾಡುತ್ತಾನೆ ಎನ್ನುವುದು ನನಗೆ ತಡವಾಗಿ ತಿಳಿದದ್ದೇನಲ್ಲ. ಅವಳು ಪೆಟ್ಟು ತಿಂದ ದಿನವೇ ತಿಳಿಯಿತು. ಒಂದು ಮಧ್ಯಾಹ್ನ ತಂಗಿ ಫೋನು ಮಾಡಿ, “ಅಕ್ಕ, ಒಮ್ಮೆ ಬರ್ತೀರಾ?” ಎಂದಳು. ಅಷ್ಟೇ. ನಾನು ಗ್ರಂಥಾಲಯಕ್ಕೆ ಬೀಗ ಹಾಕಿ ರಿಕ್ಷಾ ಹತ್ತಿದೆ.

ಅಂಗಳದವರೆಗೆ ಟಿವಿಯ ಶಬ್ದ ಕೇಳುತ್ತಿತ್ತು. ಅತ್ತೆ ಎದುರಿನ ಕೋಣೆಯಲ್ಲಿ ಧಾರಾವಾಹಿ ನೋಡುತ್ತಿದ್ದರು. ನನ್ನನ್ನು ನೋಡಿ, “ಈಗ ಎಂತ ಬಂದದ್ದು?” ಎಂದರು. ಒಳಗೆ ತಂಗಿ ಅಡುಗೆಮನೆಯ ನೆಲದ ಮೇಲೆ ಕೂತಿದ್ದಳು. ಎಡಗಣ್ಣಿನ ಕೆಳಗೆ ಬಾತು ನೀಲಿಯಾಗಿತ್ತು. ತುಟಿ ಒಡೆದಿತ್ತು. ಬಲಗೈಯಿಂದ ಎಡಗೈಯ ಮಣಿಕಟ್ಟನ್ನು ಹಿಡಿದುಕೊಂಡಿದ್ದಳು. ಮೈದುನ ಗಾಡಿ ತೆಗೆದುಕೊಂಡು ಹೋಗಿಯಾಗಿತ್ತು.

ನಾನು ಏನೂ ಕೇಳಲಿಲ್ಲ. ಅವಳ ತಲೆ ಬಾಚಿ, ಬೇರೆ ಚೂಡಿದಾರ ಹಾಕಿಸಿ, ಅದೇ ರಿಕ್ಷಾದಲ್ಲಿ ಆಸ್ಪತ್ರೆಗೆ ಕರೆದುಕೊಂಡು ಹೋದೆ. ಡಾಕ್ಟರು, “ಹೇಗಾಯ್ತು?” ಎಂದು ಕೇಳಿದರು. “ಬಚ್ಚಲಲ್ಲಿ ಜಾರಿದೆ,” ಎಂದಳು ತಂಗಿ.

“ಜಾರಿದ್ದಲ್ಲ ಡಾಕ್ಟ್ರೇ,” ಎಂದೆ ನಾನು. “ಗಂಡ ಹೊಡೆದದ್ದು. ಹಾಗೇ ಬರೀರಿ.”

ಡಾಕ್ಟರು ಅವಳ ಮುಖ ನೋಡಿದರು. ಅವಳು ತಲೆಯಾಡಿಸಿದಳು. ಅವರು ಬರೆದರು, ಮುರಿದ ಮಣಿಕಟ್ಟಿಗೆ ಪಟ್ಟಿ ಹಾಕಿದರು.

ವಾಪಸು ಬರುವಾಗ ರಿಕ್ಷಾದಲ್ಲಿ ಕೇಳಿದೆ: “ನಮ್ಮಲ್ಲಿಗೆ ಹೋಗುವನಾ? ಅಲ್ಲ, ನಿನ್ನ ಅಣ್ಣನಿಗೆ ಫೋನು ಮಾಡ್ಲಾ?”

“ಬೇಡ ಅಕ್ಕ. ಅಲ್ಲಿಗೇ ಬಿಡಿ. ಇವತ್ತು ಹೋಗದಿದ್ರೆ ಮತ್ತೆ ಹೋಗ್ಲಿಕ್ಕೆ ಧೈರ್ಯ ಬರ್ಲಿಕ್ಕಿಲ್ಲ.”

ಅವಳ ಮಾತಿನಂತೆ ಅಲ್ಲಿಗೇ ಹೋದೆವು. ಮೈದುನ ಬರುವವರೆಗೆ ನಾನು ಅಲ್ಲಿಂದ ಕದಲಲಿಲ್ಲ. ಅವನು ಬಂದು ಕೈಕಾಲು ತೊಳೆಯುತ್ತಿರುವಾಗಲೇ, ಅತ್ತೆಯ ಎದುರೇ ಹೇಳಿದೆ: “ಇನ್ನೊಮ್ಮೆ ಅವಳ ಮೇಲೆ ಕೈ ಎತ್ತಿದ್ರೆ ಠಾಣೆಗೆ ಹೋಗುದು ಅವಳಲ್ಲ, ನಾನು.”

ಅವನು ಟವೆಲಿನಲ್ಲಿ ಮುಖ ಒರೆಸಿಕೊಳ್ಳುತ್ತ ನಕ್ಕ. “ಅತ್ತಿಗೆ, ಲೈಬ್ರರಿಯಲ್ಲಿ ಕೂತು ಕೂತು ನಿಮ್ಗೆ ಭಾಷಣ ಹೆಚ್ಚಾಗಿದೆ.”

ಅದಾಗಿ ಕೆಲವು ತಿಂಗಳಲ್ಲಿ ಅವಳ ಅಣ್ಣ ಬಂದು ಅವಳನ್ನು ಸುಳ್ಯಕ್ಕೆ ಕರೆದುಕೊಂಡು ಹೋದ. ಅವಳು ಹೋದದ್ದು ನನಗೆ ಸಮಾಧಾನವೇ ಆಗಿತ್ತು. ಒಂದೆರಡು ಸಲ ಫೋನು ಮಾಡಿದೆ, ಎತ್ತಲಿಲ್ಲ. ಇರಲಿ, ಈ ಮನೆಯ ಸ್ವರವೇ ಬೇಡವಾಗಿರಬಹುದು ಎಂದುಕೊಂಡೆ. ಅದರ ನಂತರ ಬಂದದ್ದು ಆ ಕಾನ್‌ಸ್ಟೇಬಲ್‌ಳ ಫೋನು.

ಠಾಣೆಯಲ್ಲಿ ನಾವು ನಾಲ್ಕೂ ಜನ ಒಂದೇ ಬೆಂಚಿನ ಮೇಲೆ ಕೂತೆವು. ನನ್ನ ಗಂಡ ಒಬ್ಬ ವಕೀಲರನ್ನು ಕರೆದುಕೊಂಡು ಬಂದಿದ್ದರು. ಒಳಗೆ ಹೋಗುವ ಮೊದಲೇ ಆ ವಕೀಲರು ನಮಗೆಲ್ಲ ಪಾಠ ಹೇಳಿದ್ದರು: ಯಾರು ಏನು ಕೇಳಿದರೂ ಏನೂ ನಡೆದಿಲ್ಲ. ಹುಡುಗಿಗೆ ಹೊಂದಾಣಿಕೆ ಇರಲಿಲ್ಲ. ಬಚ್ಚಲಲ್ಲಿ ಒಮ್ಮೆ ಬಿದ್ದಿದ್ದಳು. ನಾಲ್ಕೂ ಬಾಯಲ್ಲಿ ಒಂದೇ ಮಾತು ಬರಬೇಕು.

ದೂರನ್ನು ನನ್ನ ಕೈಗೆ ಕೊಟ್ಟರು. ಓದಿದೆ. ಮೈದುನನ ಬಗ್ಗೆ ಬರೆದದ್ದು ವಿವರವಾಗಿತ್ತು, ನನಗೆ ಗೊತ್ತಿದ್ದದ್ದೂ ಇತ್ತು, ಗೊತ್ತಿಲ್ಲದ್ದೂ ಇತ್ತು. ಆಮೇಲೆ ಕೊನೆಯಲ್ಲಿ ನನ್ನ ಸಾಲು: ‘ನಾಲ್ಕನೆಯ ಆರೋಪಿಯು ಸದರಿ ಕೃತ್ಯಗಳಿಗೆ ಕುಮ್ಮಕ್ಕು ನೀಡಿರುತ್ತಾಳೆ.’ ಅಷ್ಟೇ. ಎಲ್ಲಿ, ಯಾವಾಗ, ಹೇಗೆ, ಒಂದೂ ಇಲ್ಲ. ಆಸ್ಪತ್ರೆಗೆ ಕರೆದುಕೊಂಡು ಹೋದದ್ದೂ ಇಲ್ಲ. ‘ನಾನು ಆಸ್ಪತ್ರೆಗೆ ಹೋಗಿ ಚಿಕಿತ್ಸೆ ಪಡೆದಿರುತ್ತೇನೆ’ ಎಂದಿತ್ತು. ಒಬ್ಬಳೇ ಹೋದ ಹಾಗೆ.

ಅಧಿಕಾರಿ ಒಬ್ಬೊಬ್ಬರನ್ನೇ ಕೇಳಿದರು. ಮೂವರೂ ಪಾಠ ಒಪ್ಪಿಸಿದರು. ನನ್ನ ಸರದಿ ಬಂತು.

“ನಾನು ಹೊಡೆಯಲಿಲ್ಲ, ಬಯ್ಯಲಿಲ್ಲ, ತವರಿಂದ ಎಂತದೂ ತಾ ಅಂತ ಹೇಳ್ಲಿಲ್ಲ,” ಎಂದೆ. “ಕುಮ್ಮಕ್ಕು ಕೊಟ್ಟದ್ದು ಸುಳ್ಳು. ಆದ್ರೆ ಇವ ಹೊಡೆದದ್ದು ಹೌದು. ನಾನೇ ಆಸ್ಪತ್ರೆಗೆ ಕರ್ಕೊಂಡು ಹೋದದ್ದು.”

ವಕೀಲರು ಕೆಮ್ಮಿದರು. ಅಧಿಕಾರಿ ಪೆನ್ನು ಮೇಜಿನ ಮೇಲಿಟ್ಟು ನನ್ನನ್ನು ನೋಡಿದರು.

“ನೀವು ಆರೋಪಿಯಾ, ಸಾಕ್ಷಿಯಾ?”

“ಅದನ್ನು ನೀವು ಹೇಳ್ಬೇಕು ಸರ್. ಆರೋಪಿ ಅಂತ ಬರೆದುಕೊಂಡದ್ದು ನೀವು.”

ಅವರಿಗೆ ಸಿಟ್ಟು ಬರಲಿಲ್ಲ. ಆರೋಪಿ ಠಾಣೆಯಲ್ಲಿ ಹೇಳಿದ್ದು ಕೋರ್ಟಿನಲ್ಲಿ ನಿಲ್ಲುವುದಿಲ್ಲ, ನನ್ನ ಹೆಸರು ಬಿಡಬೇಕೋ ಬೇಡವೋ ಅವರು ಒಬ್ಬರೇ ತೀರ್ಮಾನಿಸುವುದಲ್ಲ, ಎಂದು ಬಿಡಿಸಿ ಹೇಳಿದರು. ಮುಂದೆ ದೋಷಾರೋಪ ಪಟ್ಟಿ ಕೋರ್ಟಿಗೆ ಹೋದಾಗ ನಾಲ್ಕೂ ಹೆಸರು ಹಾಗೇ ಇದ್ದವು.

ಅವತ್ತು ಠಾಣೆಯ ಗೇಟು ದಾಟುವಷ್ಟರಲ್ಲಿ ನನ್ನ ಗಂಡ ನಿಂತುಬಿಟ್ಟರು. ಅವರು ಜೋರಾಗಿ ಮಾತಾಡುವ ಮನುಷ್ಯರಲ್ಲ. ಅವತ್ತೂ ಮಾತಾಡಲಿಲ್ಲ, ಪಿಸುಗುಟ್ಟಿದರು.

“ನಿಂಗೆ ತಲೆ ಸರಿ ಉಂಟಾ? ಅವಳು ನಿನ್ನ ಹೆಸರನ್ನೂ ಹಾಕಿದ್ದಾಳೆ ಮಾರಾಯ್ತಿ. ನಿನ್ನದು!”

“ಅವಳು ಸುಳ್ಳು ಹೇಳಿದ್ದಾಳೆ ಅಂತ ನಾನೂ ಹೇಳ್ಬೇಕಾ?”

“ಅವ ನನ್ನ ತಮ್ಮ.”

“ಅವಳಿಗೂ ಒಬ್ಬ ಅಣ್ಣ ಉಂಟು,” ಎಂದೆ.

ಈಗ ಯೋಚಿಸಿದರೆ ಆ ಮಾತು ಅವರಿಗೆ ಚುಚ್ಚಿರಬೇಕು ಎನಿಸುತ್ತದೆ. ಆಗ ಚುಚ್ಚಬೇಕೆಂದೇ ಹೇಳಿದೆ.

ಅತ್ತೆ ಆ ರಾತ್ರಿ ನಮ್ಮ ಬಾಡಿಗೆ ಮನೆಯಲ್ಲೇ ಉಳಿದರು. ಎಪ್ಪತ್ತರ ಹತ್ತಿರದ ಹೆಂಗಸು, ಜೀವನದಲ್ಲಿ ಮೊದಲ ಸಲ ಠಾಣೆಯ ಬೆಂಚಿನ ಮೇಲೆ ಕೂತು ಬಂದವರು. ಅನ್ನ ಕಲಸಿದರು, ಉಣ್ಣಲಿಲ್ಲ. ನಾನು ಬಟ್ಟಲು ತೆಗೆಯಲು ಹೋದಾಗ ಕೇಳಿದರು: “ಕೋರ್ಟಿನಲ್ಲಿ ನನ್ನ ಬಗ್ಗೆ ಎಂತ ಹೇಳ್ತಿ ನೀನು?”

“ನೀವು ಹೊಡೆದದ್ದು ನಾನು ನೋಡ್ಲಿಲ್ಲ. ಹೊಡೆದಿದ್ದೀರಿ ಅಂತ ಹೇಳುದಿಲ್ಲ.”

“ಮತ್ತೆ?”

“ಅವಳು ಒಳಗೆ ಪೆಟ್ಟು ತಿಂದು ಕೂತಿದ್ದಳು, ನೀವು ಟಿವಿಯ ಸೌಂಡು ಜಾಸ್ತಿ ಮಾಡಿ ಕೂತಿದ್ರಿ ಅಂತ ಹೇಳ್ತೇನೆ. ಕೇಳಿದ್ರೆ ಮಾತ್ರ.”

ಅವರು ಕಲಸಿದ ಅನ್ನವನ್ನು ಬಟ್ಟಲಿನ ಒಂದು ಬದಿಗೆ ಒತ್ತಿದರು. ಆಮೇಲೆ, “ನಿನ್ನ ಮಾವ ಹೊಡೆಯುವಾಗ ಟಿವಿ ಇರ್ಲಿಲ್ಲ,” ಎಂದು ಹೇಳಿ ಎದ್ದು ಕೈ ತೊಳೆದರು. ಅವರ ಬಗ್ಗೆ ಅಯ್ಯೋ ಎನಿಸಿತು. ಆದರೆ ಅಷ್ಟಕ್ಕೇ ನಾನು ಹೇಳುವ ಮಾತು ಬದಲಾಗಲಿಲ್ಲ.

ಊರಿಗೆ ಸುದ್ದಿ ಮುಟ್ಟಲು ಹೆಚ್ಚು ದಿನ ಬೇಕಾಗಲಿಲ್ಲ. ಗ್ರಂಥಾಲಯಕ್ಕೆ ಬರುವ ಹೆಂಗಸರು ಪುಸ್ತಕ ಬದಲಿಸಿಕೊಂಡು ಬೇಗ ಬೇಗ ಹೋಗತೊಡಗಿದರು. ಒಂದು ದಿನ ಪಂಚಾಯತಿನ ಸದಸ್ಯರೊಬ್ಬರು ಕಚೇರಿಗೆ ಕರೆಸಿದರು. ಕೂರಿಸಿ, ಚಾ ತರಿಸಿ, ಹೇಳಿದರು: “ನಿಮ್ಮ ಮೇಲೆ ನಮ್ಗೆ ಎಂತದೂ ಇಲ್ಲ. ಆದ್ರೆ ಸಾರ್ವಜನಿಕ ಜಾಗ ಅಲ್ವಾ. ಕೇಸು ಮುಗಿಯುವವರೆಗೆ ಸ್ವಲ್ಪ ರಜೆ ಹಾಕಿ ಮನೆಯಲ್ಲಿರಿ.”

“ಯಾವ ನಿಯಮದಲ್ಲಿ?”

“ನಿಯಮ ಅಂತ ಅಲ್ಲ. ಮರ್ಯಾದೆಯ ಪ್ರಶ್ನೆ.”

“ಕೇಸು ಇದ್ದವರೆಲ್ಲ ಮನೆಯಲ್ಲಿ ಕೂರುದಾದ್ರೆ ನಿಮ್ಮ ಮೀಟಿಂಗಿಗೆ ಕೋರಂ ಆಗ್ತದಾ?” ಎಂದು ಕೇಳಿದೆ. ಪಕ್ಕದಲ್ಲಿ ಕೂತಿದ್ದ ಇನ್ನೊಬ್ಬ ಸದಸ್ಯರು ನಗು ತಡೆಯಲಾಗದೆ ಕಿಟಕಿಯ ಕಡೆ ತಿರುಗಿದರು. ನಾನು ಚಾ ಕುಡಿದು ಮುಗಿಸಿದೆ. “ಬರವಣಿಗೆಯಲ್ಲಿ ಕೊಡಿ, ಹೋಗ್ತೇನೆ,” ಎಂದೆ. ಯಾರೂ ಬರೆದು ಕೊಡಲಿಲ್ಲ. ಮರುದಿನ ಬಾಗಿಲು ತೆರೆಯುವ ಹೊತ್ತಿಗೆ ಬಾಗಿಲು ತೆರೆದೆ, ಪೇಪರು ಹರಡಿದೆ, ಕೂತೆ.

ಕೋರ್ಟಿಗೆ ಮೊದಲ ಸಲ ಹಾಜರಾಗುವ ಮೊದಲು ನಾನೊಂದು ನಿರ್ಧಾರ ಮಾಡಿದ್ದೆ, ಆ ವಕೀಲರು ನನಗೆ ಬೇಡ ಎಂದು. ಪುತ್ತೂರಿನಲ್ಲಿ, ಒಂದು ಬೇಕರಿಯ ಮಹಡಿಯ ಮೇಲೆ, ಹೊಸದಾಗಿ ಕಚೇರಿ ಇಟ್ಟಿದ್ದ ವಕೀಲೆಯೊಬ್ಬರನ್ನು ಹುಡುಕಿಕೊಂಡು ಹೋದೆ. ನನಗಿಂತ ತುಂಬ ಚಿಕ್ಕವರು. ಕೆಳಗಿನಿಂದ ಬನ್ನು ಬೇಯುವ ಪರಿಮಳ ಬರುತ್ತಿತ್ತು. ಎಲ್ಲ ಕೇಳಿದ ಮೇಲೆ ಅವರು ಒಂದೇ ಪ್ರಶ್ನೆ ಹಾಕಿದರು: “ನಿಮ್ಗೆ ಎಂತ ಬೇಕು? ಕೇಸಿಂದ ಹೊರಗೆ ಬರ್ಬೇಕಾ, ಅಲ್ಲ ನೀವು ಮಾಡ್ಲಿಲ್ಲ ಅಂತ ಆಗ್ಬೇಕಾ? ಎರಡೂ ಬೇರೆ ಬೇರೆ.”

“ಮಾಡ್ಲಿಲ್ಲ ಅಂತ ಆಗ್ಬೇಕು.”

“ಅದಕ್ಕೆ ಹೊತ್ತು ಹಿಡೀತದೆ.”

“ಹಿಡೀಲಿ.”

ಜಾಮೀನಿಗೆ ಕಬಕದಿಂದ ನನ್ನ ಅಣ್ಣ ಬಂದು ನಿಂತ. ಜಾಗದ ಪಹಣಿ ಹಿಡಿದುಕೊಂಡು ಕೋರ್ಟಿನ ಜಗಲಿಯಲ್ಲಿ ಬೆಳಿಗ್ಗೆಯಿಂದ ಕಾದ. “ನಿನ್ನನ್ನು ಈ ಕಟಕಟೆಯಲ್ಲಿ ನೋಡ್ಲಿಕ್ಕಾ ಮದುವೆ ಮಾಡಿ ಕೊಟ್ಟದ್ದು?” ಎಂದು ಒಮ್ಮೆ ಗೊಣಗಿದ. ಆದರೆ ಕೇಳಿದ ಕಡೆಯೆಲ್ಲ ಸಹಿ ಹಾಕಿದ.

ಆಮೇಲೆ ಕೋರ್ಟಿನ ಓಡಾಟ ಶುರುವಾಯಿತು. ಕಡಬದಿಂದ ಬಸ್ಸು ಹತ್ತಿ ಆಲಂಕಾರು, ಸವಣೂರು ದಾಟಿ ಪುತ್ತೂರು. ಒಂದೇ ಬಸ್ಸಿನಲ್ಲಿ ಮುಂದೆ ನಾನು, ಹಿಂದೆ ಗಂಡ ಮತ್ತು ಅತ್ತೆ. ಮೈದುನ ಅವನ ಗಾಡಿಯಲ್ಲಿ. ಹೆಸರು ಕೂಗಿದಾಗ ನಾಲ್ವರೂ ಸಾಲಾಗಿ ನಿಲ್ಲಬೇಕು. ಅವನ ಪಕ್ಕದಲ್ಲಿ ನಿಲ್ಲುವುದು ನನಗೆ ಕಟಕಟೆಗಿಂತ ದೊಡ್ಡ ಶಿಕ್ಷೆಯಾಗಿತ್ತು. ಜಗಲಿಯ ಆಚೆ ಕೊನೆಯಲ್ಲಿ ತಂಗಿ ತನ್ನ ಅಣ್ಣನೊಂದಿಗೆ ನಿಂತಿರುತ್ತಿದ್ದಳು. ನನ್ನ ಕಡೆ ನೋಡುತ್ತಿರಲಿಲ್ಲ. ನಾನು ಮಾತ್ರ ನೋಡುತ್ತಿದ್ದೆ. ಕಣ್ಣು ತಪ್ಪಿಸಬೇಕಾದವಳು ನಾನಲ್ಲ.

ರಾಜಿಯ ಮಾತು ಬಂದದ್ದು ಇದೆಲ್ಲ ವರ್ಷದ ಮೇಲೆ ಎಳೆದ ನಂತರ. ಎರಡೂ ಕಡೆಯ ಹಿರಿಯರು ಇಚಿಲಂಪಾಡಿಯ ಮನೆಯಲ್ಲಿ ಸೇರಿದರು. ತಂಗಿ ಬಂದಿರಲಿಲ್ಲ, ಅವಳ ಅಣ್ಣ ಬಂದಿದ್ದ. ಇಬ್ಬರಿಗೂ ವಿಚ್ಛೇದನ, ಅವಳ ಒಡವೆ ಅವಳಿಗೆ ವಾಪಸು, ಕೇಸು ಎಲ್ಲರ ಮೇಲಿಂದಲೂ ರದ್ದು. ಮಾತಾಡಿ ಮುಗಿಸಿ, ಚಾ ಆಗಿ, ವಕೀಲರು ಬರೆದು ತಂದ ಹಾಳೆಯನ್ನು ಸುತ್ತ ಕೊಟ್ಟರು. ನನ್ನ ಗಂಡ ಸಹಿ ಹಾಕಿದರು. ಅತ್ತೆ ಹಾಕಿದರು. ಮೈದುನ ಓದದೆಯೇ ಹಾಕಿದ.

ನಾನು ಓದಿದೆ. ನಡುವೆ ಒಂದು ಕಡೆ ಹೀಗಿತ್ತು: ‘ತಪ್ಪು ತಿಳುವಳಿಕೆಯಿಂದ ದೂರು ದಾಖಲಾಗಿದ್ದು, ವಾಸ್ತವದಲ್ಲಿ ಯಾರಿಂದಲೂ ಯಾವುದೇ ಹಿಂಸೆ ನಡೆದಿರುವುದಿಲ್ಲ.’

“ಇದಕ್ಕೆ ನಾನು ಸಹಿ ಹಾಕುದಿಲ್ಲ,” ಎಂದೆ.

ಹಿರಿಯರೊಬ್ಬರು ತಾಳ್ಮೆಯಿಂದ ಹೇಳಿದರು: “ಮಗಾ, ಇದರಲ್ಲಿ ನಿನ್ನ ಹೆಸರು ಕೂಡ ಚೊಕ್ಕ ಆಗ್ತದೆ. ನೀನು ಎಂತದೂ ಮಾಡ್ಲಿಲ್ಲ ಅಂತಲೇ ಬರೆದದ್ದು.”

“ನಾನು ಮಾಡ್ಲಿಲ್ಲ ಅಂತ ಬರೆದ ಸಾಲಿನಲ್ಲೇ ಇವನೂ ಮಾಡ್ಲಿಲ್ಲ ಅಂತ ಉಂಟು. ನನ್ನ ಸತ್ಯವನ್ನು ಇವನ ಸುಳ್ಳಿನ ಒಟ್ಟಿಗೆ ಒಂದೇ ಗೋಣಿಗೆ ತುಂಬಿಸಿದ್ರೆ ನಂಗೆ ಅದು ಬೇಡ.”

“ಅತ್ತಿಗೆ ಯಾರ ಸೈಡು ಅಂತ ಮೊದಲು ಹೇಳ್ಲಿ!” ಮೈದುನ ಎದ್ದು ನಿಂತ.

“ನಿನ್ನ ಸೈಡಲ್ಲ. ಅವಳ ಸೈಡೂ ಅಲ್ಲ.” ನಾನು ತಂಗಿಯ ಅಣ್ಣನ ಕಡೆ ತಿರುಗಿದೆ. “ನಿಮ್ಗೂ ಒಂದು ಮಾತು. ನನ್ನ ಹೆಸರು ಹಾಕಿಸಿದ್ದು ಯಾರು? ನಾನು ಎಂತ ಮಾಡಿದ್ದೇನೆ ಅಂತ ಇಲ್ಲಿ, ಇಷ್ಟು ಜನರ ಎದುರು ಹೇಳಿ.”

ಅವನು ತಲೆ ತಗ್ಗಿಸಿದ. ಕೊನೆಗೆ, “ವಕೀಲರು ಹೇಳಿದ್ರು ಅಕ್ಕ. ಮನೆಯ ಹೆಂಗಸರನ್ನು, ಪ್ರಾಯದವರನ್ನು ಸೇರಿಸಿದ್ರೆ ಬೇಗ ಮಾತುಕತೆಗೆ ಬರ್ತಾರೆ ಅಂತ,” ಎಂದ.

“ಬಂದೆವಲ್ಲ. ಈಗ ಮಾತಾಡ್ತಾ ಇದ್ದೇನೆ.”

ಹಾಳೆಯನ್ನು ಮಡಚಿ ಆ ಹಿರಿಯರ ಕೈಗೆ ಕೊಟ್ಟು ಹೊರಗೆ ಬಂದೆ. ನನ್ನ ಗಂಡ ಹಿಂದೆ ಬರಲಿಲ್ಲ. ರಸ್ತೆಯವರೆಗೆ ನಡೆದು, ಬಸ್ಸಿಗೆ ಕಾದು, ಒಬ್ಬಳೇ ಕಡಬಕ್ಕೆ ಬಂದೆ. ಅವರು ಮೂರು ದಿನ ಇಚಿಲಂಪಾಡಿಯಲ್ಲೇ ಉಳಿದರು. ಅವರು ಇನ್ನು ಬರುವುದಿಲ್ಲವೇನೋ ಎಂದೂ ಯೋಚಿಸಿದೆ. ಬಂದರೆ ಏನು ಹೇಳಲಿ ಎಂದೂ. ಬಂದರು. ಬಂದವರು, “ಅನ್ನ ಉಂಟಾ?” ಎಂದು ಮಾತ್ರ ಕೇಳಿದರು. ಇತ್ತು, ಬಡಿಸಿದೆ.

ಮುಂದಿನ ತಾರೀಕಿಗೆ ಪುತ್ತೂರಿಗೆ ಹೋದಾಗ, ಜಗಲಿಯ ನಳ್ಳಿಯ ಹತ್ತಿರ ನಾನು ಬಾಟಲಿಗೆ ನೀರು ಹಿಡಿಯುತ್ತಿರುವಾಗ, ತಂಗಿ ಪಕ್ಕಕ್ಕೆ ಬಂದು ನಿಂತಳು. ಎಷ್ಟೋ ಕಾಲದ ಮೇಲೆ ಅವಳ ಸ್ವರ ಕೇಳಿದ್ದು.

“ನೀವು ಸಹಿ ಹಾಕ್ಲಿಲ್ಲ ಅಂತೆ ಅಕ್ಕ.”

“ಇಲ್ಲ. ನೀನು ಹಾಕಿದ್ಯಾ?”

“ಇವತ್ತು ಹಾಕ್ಲಿಕ್ಕೆ ಹೇಳಿದ್ದಾರೆ.”

“ಓದಿದ್ಯಾ?”

ಅವಳು ಹೆಗಲ ಶಾಲು ಸರಿಮಾಡಿಕೊಂಡಳು.

“ದೂರು ಓದಿಯೇ ಸಹಿ ಹಾಕಿದ್ದಲ್ವಾ? ಹಾಗೇ ಇದನ್ನೂ ಓದು.”

ಅವಳ ಕಣ್ಣು ತುಂಬಿತು. “ಓದಿದ್ದೆ. ನಿಮ್ಮ ಹೆಸರು ಇದ್ದದ್ದು ಗೊತ್ತಿತ್ತು. ಆ ದಿನ ಇಡೀ ಊರಿನ ಹೆಸರು ಬರೆದಿದ್ರೂ ಸಹಿ ಹಾಕ್ತಿದ್ದೆ ನಾನು. ನಿಮ್ಮ ಮೇಲೂ ಸಿಟ್ಟಿತ್ತು. ಆಸ್ಪತ್ರೆಯಿಂದ ಮತ್ತೆ ಅಲ್ಲಿಗೇ ಬಿಟ್ಟು ಹೋದ್ರಿ ಅಂತ.”

“ನೀನು ಹೇಳಿದ ಕಡೆಗೆ ಬಿಟ್ಟೆ. ರಿಕ್ಷಾದಲ್ಲಿ ಎರಡು ಮನೆಯ ಹೆಸರು ಹೇಳಿದ್ದೆ ನಾನು, ನೆನಪುಂಟಾ?”

“ಉಂಟು.”

“ಸಿಟ್ಟು ಮಾಡ್ಲಿಕ್ಕೆ ನಿಂಗೆ ಹಕ್ಕುಂಟು. ಕುಮ್ಮಕ್ಕು ಅಂತ ಬರೀಲಿಕ್ಕೆ ಇಲ್ಲ.”

ಬಾಟಲಿ ತುಂಬಿ ನೀರು ಹೊರಗೆ ಚೆಲ್ಲುತ್ತಿತ್ತು. ಅವಳೇ ಕೈಚಾಚಿ ನಳ್ಳಿ ನಿಲ್ಲಿಸಿದಳು. ಕ್ಷಮೆ ಕೇಳುತ್ತಾಳೆಂದು ನಾನು ಕಾಯಲಿಲ್ಲ, ಅವಳು ಕೇಳಲೂ ಇಲ್ಲ. ಒಳಗೆ ಹೆಸರು ಕೂಗಿದರು. ಹೋದೆವು, ಅವಳು ಅವಳ ಕಡೆಗೆ, ನಾನು ನನ್ನ ಕಡೆಗೆ.

ಅವತ್ತು ಅವಳು ಆ ರಾಜಿಗೆ ಸಹಿ ಹಾಕಲಿಲ್ಲ. ಹಿಂಸೆ ನಡೆದಿಲ್ಲ ಎಂಬ ಸಾಲು ತೆಗೆದರೆ ಮಾತ್ರ ಹಾಕುತ್ತೇನೆ ಎಂದಳಂತೆ. ಆ ಸಾಲಿಲ್ಲದ ರಾಜಿ ಮೈದುನನಿಗೆ ಬೇಡವಾಗಿತ್ತು. ವಿಚ್ಛೇದನ ಬೇರೆ ದಾರಿಯಲ್ಲಿ ನಡೆಯಿತು, ಕ್ರಿಮಿನಲ್ ಕೇಸು ತನ್ನ ದಾರಿಯಲ್ಲಿ. ನನ್ನಿಂದಾಗಿಯೇ ಮನೆ ಮುರಿಯಿತು ಎಂದು ನೆಂಟರು ಈಗಲೂ ಹೇಳುತ್ತಾರೆ. ಮುರಿದದ್ದು ನಾನಲ್ಲ. ಮುರಿದದ್ದಕ್ಕೆ ಸುಣ್ಣ ಬಳಿಯಲು ಒಪ್ಪಲಿಲ್ಲ, ಅಷ್ಟೇ.

ನನ್ನ ವಕೀಲೆ ನನ್ನೊಬ್ಬಳ ಪರವಾಗಿ ಅರ್ಜಿ ಹಾಕಿದ್ದರು, ನನ್ನನ್ನು ಆರೋಪದಿಂದ ಬಿಡಬೇಕೆಂದು. ವಾದ ಚಿಕ್ಕದು. ದೂರಿನಲ್ಲಿ ನನ್ನ ಮೇಲೆ ಒಂದೇ ಒಂದು ನಿರ್ದಿಷ್ಟ ಮಾತಿಲ್ಲ. ಆಸ್ಪತ್ರೆಯ ಕಡತದಲ್ಲಿ ಗಾಯಾಳುವನ್ನು ಕರೆತಂದವರು ಎಂಬಲ್ಲಿ ನನ್ನ ಹೆಸರಿದೆ. ಆದೇಶ ಓದಿದ ದಿನ ನಾನು ಕಟಕಟೆಯ ಹತ್ತಿರ ನಿಂತಿದ್ದೆ. ನ್ಯಾಯಾಧೀಶರು ಅದನ್ನು ಓದಿ ಮುಗಿಸಲು ತೆಗೆದುಕೊಂಡದ್ದು ಒಂದು ಲೋಟ ಚಾ ಕುಡಿಯುವಷ್ಟು ಹೊತ್ತು. ನಾಲ್ಕನೆಯ ಆರೋಪಿಯ ಮೇಲಿನ ಆರೋಪಕ್ಕೆ ಆಧಾರವಿಲ್ಲ. ಹೊರಗೆ ಬಂದಾಗ ವಕೀಲೆ ಕೈ ಕುಲುಕಿದರು. ಅಳು ಬರಬಹುದೆಂದುಕೊಂಡಿದ್ದೆ, ಬಂದದ್ದು ಹಸಿವು. ಅವರ ಕಚೇರಿಯ ಕೆಳಗಿನ ಬೇಕರಿಯಲ್ಲಿ ಇಬ್ಬರೂ ನಿಂತು ಪಫ್ಸ್ ತಿಂದೆವು.

ಆ ಆದೇಶದ ಸುದ್ದಿ ಯಾರ ಮೂಲಕವೋ ಹೋಗಿ, ಒಂದು ದಿನ ಇಬ್ಬರು ಗಂಡಸರು ಗ್ರಂಥಾಲಯಕ್ಕೆ ಬಂದರು. ಇಸ್ತ್ರಿ ಮಾಡಿದ ಬಿಳಿ ಅಂಗಿ, ಮರ್ಯಾದೆಯ ಮಾತು. ಪುತ್ತೂರಿನಲ್ಲಿ ಒಂದು ಕಾರ್ಯಕ್ರಮ ಮಾಡುತ್ತಿದ್ದಾರಂತೆ, ಹೆಂಗಸರ ಕಾನೂನಿನ ದುರುಪಯೋಗದ ಬಗ್ಗೆ. ಸುಳ್ಳು ಕೇಸಿನಲ್ಲಿ ಸಿಕ್ಕಿಬಿದ್ದು ಗೆದ್ದು ಬಂದ ಹೆಂಗಸು ಮಾತಾಡಿದರೆ ಅದರ ತೂಕವೇ ಬೇರೆ ಎಂದರು.

“ಬರ್ತೇನೆ,” ಎಂದೆ. “ಅವಳಿಗೆ ಬಿದ್ದ ಪೆಟ್ಟಿನ ಬಗ್ಗೆಯೂ ಹೇಳ್ಬಹುದಲ್ವಾ?”

ಅವರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. “ಅದು ಬೇರೆ ವಿಷಯ ಆಯ್ತು ಮೇಡಂ. ವಿಷಯಾಂತರ ಆಗ್ತದೆ.”

“ಎರಡೂ ಒಂದೇ ಕಾಗದದಲ್ಲಿ ಇದ್ದದ್ದು ಮಾರಾಯ್ರೆ. ನನ್ನ ಸಾಲು ಸುಳ್ಳು, ಅವಳ ಸಾಲು ಸತ್ಯ. ಒಂದನ್ನು ಬಿಟ್ಟು ಇನ್ನೊಂದನ್ನು ಹೇಳ್ಲಿಕ್ಕೆ ನಂಗೆ ಬರುದಿಲ್ಲ.”

“ಹಾಗಾದ್ರೆ ಮತ್ತೆ ತಿಳಿಸ್ತೇವೆ,” ಎಂದು ಹೋದರು. ತಿಳಿಸಲಿಲ್ಲ. ಅದೇ ಸಮಯದಲ್ಲಿ ಮಹಿಳೆಯರ ಒಂದು ಗುಂಪಿನಲ್ಲಿ ನನ್ನ ಪರಿಚಯದವಳೊಬ್ಬಳು, “ಕಷ್ಟ ಆಯ್ತು ಗೊತ್ತುಂಟು, ಆದ್ರೆ ನಿನ್ನ ಕಥೆಯನ್ನು ಎಲ್ಲ ಕಡೆ ಹೇಳ್ಬೇಡ, ನಿಜವಾದ ಹೆಂಗಸರಿಗೆ ತೊಂದರೆ ಆಗ್ತದೆ,” ಎಂದಳು. ನಾನು ಯಾವ ಲೆಕ್ಕದ ಹೆಂಗಸು ಎಂದು ಅವಳನ್ನು ಕೇಳಿದೆ. ಅವಳಿಗೆ ಬೇಸರವಾಯಿತು. ಆಗಲಿ. ಸುಳ್ಳು ಕೇಸಿನ ಉದಾಹರಣೆಗೂ ನಾನು ಆಗುವುದಿಲ್ಲ, ಬಾಯಿ ಮುಚ್ಚಿಕೊಂಡು ಇರಲಿಕ್ಕೂ ಆಗುವುದಿಲ್ಲ. ನನ್ನ ಮೇಲೆ ಆದದ್ದು ಅನ್ಯಾಯವೇ. ಆ ಅನ್ಯಾಯಕ್ಕೆ ಬೆಲೆಯಾಗಿ ಅವಳ ಮುರಿದ ಮಣಿಕಟ್ಟನ್ನು ಕೊಡಿ ಎಂದರೆ ಕೊಡಲಾರೆ.

ಆಮೇಲೆ ಸರಕಾರಿ ವಕೀಲರು ನನ್ನನ್ನು ಸಾಕ್ಷಿಯಾಗಿ ಕರೆಸಲು ಕೇಳಿಕೊಂಡರು, ಕೋರ್ಟು ಒಪ್ಪಿತು. ನೋಟಿಸು ಬಂದ ದಿನ ನನ್ನ ಗಂಡ ಅದನ್ನು ಓದಿ ಟಿವಿಯ ಮೇಲಿಟ್ಟರು. “ಹೋಗ್ತೀಯಾ?” ಎಂದರು.

“ಹೋಗ್ತೇನೆ.”

“ನೀನು ಹೇಳುದು ಸುಳ್ಳಲ್ಲ ಅಂತ ನಂಗೂ ಗೊತ್ತುಂಟು,” ಎಂದರು. “ಆದ್ರೆ ನನ್ನ ಬಾಯಿಂದ ಬರುದಿಲ್ಲ.”

“ನಿಮ್ಮ ಬಾಯಿಂದ ಬರ್ಬೇಕು ಅಂತ ನಾನು ಹೇಳ್ಲಿಲ್ಲ. ನನ್ನ ಬಾಯಿ ಮುಚ್ಚಿಸ್ಬೇಡಿ, ಸಾಕು.”

ಅವರು ಮುಚ್ಚಿಸಲಿಲ್ಲ. ಅದನ್ನು ಅವರ ಪಾಲಿಗೆ ಬರೆದಿಡುತ್ತೇನೆ.

ಸಾಕ್ಷಿ ಕಟ್ಟೆಯಲ್ಲಿ ನಿಂತಾಗ ಎದುರಿಗೆ ಮೈದುನ, ಪಕ್ಕದಲ್ಲಿ ಅತ್ತೆ ಮತ್ತು ನನ್ನ ಗಂಡ, ಮೂವರೂ ಆರೋಪಿಗಳ ಸಾಲಿನಲ್ಲಿ. ನೋಡಿದ್ದನ್ನು ಹೇಳಿದೆ. ನೋಡದ್ದನ್ನು ನೋಡಲಿಲ್ಲ ಎಂದೆ. ಅತ್ತೆ ಹೊಡೆದದ್ದು ನೋಡಿದ್ದೀರಾ ಎಂದು ಕೇಳಿದಾಗ ಇಲ್ಲ ಎಂದೆ, ನನ್ನ ಗಂಡ ವರದಕ್ಷಿಣೆ ಏನಾದರೂ ಕೇಳಿದ್ದರೇ ಎಂದಾಗ ಇಲ್ಲ ಎಂದೆ. ಮೈದುನನ ವಕೀಲರು ಎದ್ದರು.

“ನೀವು ಕೂಡ ಈ ಕೇಸಿನಲ್ಲಿ ಆರೋಪಿ ಆಗಿದ್ದವರು ಅಲ್ವಾ?”

“ಹೌದು.”

“ನಿಮ್ಮನ್ನು ಬಿಟ್ಟದ್ದಕ್ಕೆ ಪ್ರತ್ಯುಪಕಾರವಾಗಿ ಈಗ ಹೀಗೆ ಹೇಳ್ತಿದ್ದೀರಿ ಅಂತ ನಾನು ಹೇಳ್ತೇನೆ.”

“ಆರೋಪಿಯಾಗಿ ಠಾಣೆಯಲ್ಲಿ ಕೂತ ದಿನವೂ ಇದನ್ನೇ ಹೇಳಿದ್ದು. ಆಗ ಆ ಬೆಂಚಿನಲ್ಲಿ ನನ್ನ ಪಕ್ಕ ಇವರೆಲ್ಲ ಇದ್ರು. ಕೇಳಿ.”

ವಕೀಲರು ಇನ್ನೂ ತುಂಬ ಕೇಳಿದರು. ಮೈದುನನೊಂದಿಗೆ ಜಾಗದ ಜಗಳ ಇತ್ತಲ್ಲವೇ, ತಂಗಿಯ ಅಣ್ಣನಿಂದ ಏನಾದರೂ ಸಿಕ್ಕಿತೇ, ಎಂದೆಲ್ಲ. ಇಲ್ಲ, ಇಲ್ಲ, ಇಲ್ಲ. ಇಳಿದು ಬರುವಾಗ ಮೈದುನ ನನ್ನನ್ನೇ ನೋಡುತ್ತಿದ್ದ. ನಾನೂ ನೋಡಿದೆ. ಅವನೇ ಮೊದಲು ಮುಖ ತಿರುಗಿಸಿದ.

ತೀರ್ಪಿನಲ್ಲಿ ಅವನೊಬ್ಬನೇ ತಪ್ಪಿತಸ್ಥನೆಂದು ಬಂತು. ಅತ್ತೆ ಮತ್ತು ನನ್ನ ಗಂಡ ಬಿಡುಗಡೆಯಾದರು. ಅವನು ಜಾಮೀನು ತೆಗೆದುಕೊಂಡು ಮೇಲಿನ ಕೋರ್ಟಿಗೆ ಹೋಗಿದ್ದಾನೆ, ಅದು ನಡೆಯುತ್ತಿದೆ. ತಂಗಿ ಸುಳ್ಯದಲ್ಲಿ ಒಂದು ಮೆಡಿಕಲ್ ಅಂಗಡಿಯಲ್ಲಿ ಕೆಲಸಕ್ಕಿದ್ದಾಳೆ ಎಂದು ಕೇಳಿದ್ದೇನೆ. ನಾವು ಫೋನು ಮಾಡಿಕೊಳ್ಳುವುದಿಲ್ಲ. ಅತ್ತೆ ಇಚಿಲಂಪಾಡಿಯಲ್ಲೇ ಇದ್ದಾರೆ. ಹೋದರೆ ಚಾ ಮಾಡಿ ಕೊಡುತ್ತಾರೆ, ಮಾತು ಕಡಿಮೆ. ಮೈದುನ ಮನೆಯಲ್ಲಿದ್ದರೆ ನಾನು ಹೋಗುವುದಿಲ್ಲ ಎಂದಲ್ಲ, ಹೋಗುತ್ತೇನೆ. ಎದ್ದು ಹೊರಗೆ ಹೋಗುವುದು ಅವನು.

ಮೊನ್ನೆ ಗಂಡನ ಕಡೆಯವರ ಒಂದು ಮದುವೆ ಇತ್ತು, ಪುತ್ತೂರಿನ ಒಂದು ಸಭಾಭವನದಲ್ಲಿ. ಮದುವೆಯ ಕಾಗದ ನನ್ನ ಗಂಡನ ಹೆಸರಿಗೆ ಮಾತ್ರ ಬಂದಿತ್ತು. ನಾನು ಒಳ್ಳೆಯ ಸೀರೆ ಉಟ್ಟು ಅವರೊಂದಿಗೆ ಹೊರಟೆ. ಅವರು ಬೇಡವೆನ್ನಲಿಲ್ಲ. ಊಟಕ್ಕೆ ಕೂತಾಗ ನನ್ನ ಎಡಗಡೆಯ ಎಲೆ ಖಾಲಿ ಉಳಿಯಿತು. ಆಮೇಲೆ ಒಬ್ಬರು ಹಿರಿಯ ಹೆಂಗಸು, ದೂರದ ನೆಂಟರು, ಬಂದು ಅಲ್ಲಿ ಕೂತರು. ನನ್ನನ್ನು ಅಡಿಯಿಂದ ಮುಡಿಯವರೆಗೆ ನೋಡಿ, ಸಾಲಿನವರಿಗೆಲ್ಲ ಕೇಳುವಂತೆ ಕೇಳಿದರು: “ನೀನೇ ಅಲ್ವಾ ಮೈದುನನ ವಿರುದ್ಧ ಸಾಕ್ಷಿ ಹೇಳಿದವಳು?”

“ಹೌದು, ನಾನೇ,” ಎಂದೆ.

ಬಡಿಸುವವರು ಅನ್ನ ಹಾಕುತ್ತ ನನ್ನ ಎಲೆಯ ಹತ್ತಿರ ಬಂದಾಗ ನಾನು ಎರಡೂ ಕೈಯಿಂದ ಎಲೆ ಸರಿಮಾಡಿಕೊಂಡು, “ಇನ್ನೂ ಸ್ವಲ್ಪ ಹಾಕಿ,” ಎಂದೆ.